ಅದು ಹೊರಟ ಕಡೆಗೇ ಬಿಡಿ

ನಮ್ಮ ಸೀಮೆಯ ಎಷ್ಟೋ ರಸ್ತೆಗಳು ಕೆರೆ ಏರಿಯ ಮೇಲೆ ಓಡುತ್ತವೆ. ಹಾಸನದಿಂದ ಬೇಲೂರು, ಬೇಲೂರಿನಿಂದ ಚಿಕ್ಕಮಗಳೂರು, ಅಲ್ಲಿಂದ ಸಖರಾಯಪಟ್ಟಣ, ಕಡೂರು, ಈ ಕಡೆ ಜಾವಗಲ್ಲು, ಬಾಣಾವರ. ಯಾವ ದಾರಿ ಹಿಡಿದರೂ ಒಂದಲ್ಲ ಒಂದು ಕಡೆ ಒಂದು ಪಕ್ಕಕ್ಕೆ ನೀರು, ಇನ್ನೊಂದು ಪಕ್ಕಕ್ಕೆ ಗದ್ದೆ ಸಿಕ್ಕೇ ಸಿಗುತ್ತದೆ. ಹಿಂದಿನವರು ಏರಿ ಕಟ್ಟಿದ್ದು ನೀರು ನಿಲ್ಲಿಸುವುದಕ್ಕೆ. ಮಳೆಗಾಲದಲ್ಲೂ ಕೆಸರಾಗದ ಎತ್ತರದ ಜಾಗ ಅಂತ ಜನ ಅದರ ಮೇಲೆ ನಡೆದರು. ಆಮೇಲೆ ಎತ್ತಿನಗಾಡಿ ಹೋಯಿತು, ಬಸ್ಸು ಬಂತು, ಡಾಂಬರು ಬಂತು. ಈಗ ಶನಿವಾರ ಬೆಳಿಗ್ಗೆ ನಿಂತು ನೋಡಿದರೆ ಗಿರಿ ನೋಡಲು ಹೊರಟ ಕಾರುಗಳ ಸಾಲು ಕಡಿಯುವುದೇ ಇಲ್ಲ.

ಆಮೆಗೆ ಇದೊಂದೂ ಗೊತ್ತಿಲ್ಲ. ಅದರ ಲೆಕ್ಕಕ್ಕೆ ಏರಿ ಅಂದರೆ ಕೆರೆಯ ದಡ, ಅಷ್ಟೇ. ದಡ ಹತ್ತಿ ಇಳಿದರೆ ಗದ್ದೆ ಬದು, ತೆಂಗಿನ ತೋಟ, ಕಾಲಿಗೆ ಸಡಿಲವಾಗಿ ಸಿಗುವ ಮಣ್ಣು.

ಬೇಸಿಗೆಯಲ್ಲಿ ಕೆರೆ ಬತ್ತುತ್ತಾ ಬಂದಾಗ ಎಷ್ಟೋ ಆಮೆಗಳು ಕೆಸರಿನಲ್ಲಿ ಹೂತುಕೊಂಡು ಸುಮ್ನೆ ಕೂತುಬಿಡುತ್ತವೆ. ಊಟ ಇಲ್ಲ, ಓಡಾಟ ಇಲ್ಲ. ಮೇಲೆ ಮಣ್ಣು ಬಿರುಕು ಬಿಟ್ಟಿರುತ್ತದೆ, ಕೆಳಗೆ ತೇವದಲ್ಲಿ ಜೀವ ಕಾದಿರುತ್ತದೆ. ಇನ್ನು ಕೆಲವು ಬೇರೆ ನೀರು ಹುಡುಕಿಕೊಂಡು ಹೊರಡುತ್ತವೆ. ಮಳೆ ಹಿಡಿದು ನೆಲ ನೆನೆಯಿತು ಅಂದರೆ ಓಡಾಟ ಜೋರಾಗುತ್ತದೆ. ಗಂಡು ಹೆಣ್ಣನ್ನು ಹುಡುಕಬೇಕು, ಹೆಣ್ಣು ಮೊಟ್ಟೆ ಇಡಲು ಜಾಗ ಹುಡುಕಬೇಕು, ಒಣಗಿದ ಕುಂಟೆಯಲ್ಲಿದ್ದದ್ದು ತುಂಬಿದ ಕೆರೆಗೆ ಹೋಗಬೇಕು. ರೋಹಿಣಿ, ಮೃಗಶಿರಾ ಮಳೆಯ ದಿನಗಳಲ್ಲಿ ಏರಿ ಮೇಲೆ ಸ್ಕೂಟರ್ ಓಡಿಸುವಾಗ ನನ್ನ ಕಣ್ಣು ರಸ್ತೆಯ ಅಂಚಿನಲ್ಲೇ ಇರುತ್ತದೆ. ಒದ್ದೆ ಡಾಂಬರಿನ ಮೇಲೆ ಒಂದು ಕಲ್ಲು ಬಿದ್ದ ಹಾಗೆ ಕಾಣುತ್ತದೆ. ಹತ್ತಿರ ಹೋದರೆ ಆ ಕಲ್ಲಿಗೆ ಕತ್ತು ಇರುತ್ತದೆ.

ನಮ್ಮ ಕೆರೆಗಳಲ್ಲಿ ಸಾಮಾನ್ಯವಾಗಿ ಸಿಗುವುದು ಎರಡು ಬಗೆ. ಒಂದು, ಮೆತ್ತನೆ ಚಿಪ್ಪಿನದು. ಅದರ ಬೆನ್ನಿನ ಮೇಲೆ ಬಿಲ್ಲೆಗಳಿಲ್ಲ, ಚರ್ಮ ಹೊದ್ದ ನುಣುಪಾದ ಕಂದು-ಹಸಿರು ಬೆನ್ನು. ಹೊಟ್ಟೆಯ ಕಡೆ ಹಿಂಗಾಲಿನ ಹತ್ತಿರ ಎರಡು ಮುಚ್ಚಳಗಳಿರುತ್ತವೆ. ಕಾಲು ಒಳಗೆಳೆದುಕೊಂಡ ಮೇಲೆ ಅವು ಬಾಗಿಲಿನ ಹಾಗೆ ಮುಚ್ಚಿಕೊಳ್ಳುತ್ತವೆ. ಬಸವನಹುಳು, ಕಪ್ಪೆ, ಸತ್ತ ಮೀನು, ನೀರಿನ ಗಿಡ ಎಲ್ಲವನ್ನೂ ತಿನ್ನುತ್ತದೆ. ಕೆರೆಯಲ್ಲಿ ಕೊಳೆಯುವುದನ್ನು ಕೊಳೆಯಲು ಬಿಡದ ಜೀವಿ ಅದು. ಇನ್ನೊಂದು ಕಪ್ಪಾಮೆ. ಗಟ್ಟಿ ಚಿಪ್ಪು, ಬೆನ್ನಿನ ಮೇಲೆ ಉದ್ದಕ್ಕೆ ಮೂರು ದಿಂಡು. ಹೊಳೆ, ಹಳ್ಳ, ಕೆರೆ ಎಲ್ಲ ಕಡೆಗೂ ಹೊಂದಿಕೊಳ್ಳುತ್ತದೆ. ಘಟ್ಟದ ಕಾಡಿನ ಕಡೆಗೆ ಹೋದರೆ ನೆಲದ ಮೇಲೆಯೇ ಬದುಕುವ ತಿರುವಾಂಕೂರು ಆಮೆಯೂ ಇದೆ. ಇದನ್ನು ನೆನಪಿಟ್ಟುಕೊಳ್ಳುವುದು ಮುಖ್ಯ. ಆಮೆ ಕಂಡ ಕೂಡಲೇ ನೀರಿಗೆ ಎಸೆಯುವವರು ಬಹಳ ಜನ. ನೆಲದ ಆಮೆಗೆ ನೀರಾಮೆಯ ಹಾಗೆ ಈಜಲು ಬರುವುದಿಲ್ಲ. ಆಳದ ನೀರಿಗೆ ಹಾಕಿದರೆ ಮುಳುಗಿ ಸಾಯುತ್ತದೆ.

ನೀರಾಮೆಯನ್ನಾದರೂ ಕಂಡ ಕೂಡಲೇ ನೀರಿಗೆ ಬಿಡುವುದು ಸರಿಯಲ್ಲ. ಇದನ್ನು ಯಾವ ಪುಸ್ತಕಕ್ಕಿಂತ ಚೆನ್ನಾಗಿ ಹೇಳಿದವರು ನಮ್ಮೂರ ನೀರುಗಂಟಿ ಅಜ್ಜ.

ಅಜ್ಜನಿಗೆ ಈಗ ವಯಸ್ಸಾಗಿದೆ. ತೂಬು ಎತ್ತುವ, ಕಾಲುವೆಗೆ ನೀರು ತಿರುಗಿಸುವ ಕೆಲಸ ಮಗ ನೋಡಿಕೊಳ್ಳುತ್ತಾನೆ. ಆದರೂ ಬೆಳಿಗ್ಗೆ ಸಂಜೆ ಏರಿಯ ಮೇಲೆ ಒಂದು ಸುತ್ತು ಬರದಿದ್ದರೆ ಅವರಿಗೆ ಸಮಾಧಾನವಿಲ್ಲ. ಒಂದು ಭಾನುವಾರ ಏರಿಯ ಮೇಲೆ ಕಾರೊಂದು ನಿಂತಿತ್ತು. ಮುಳ್ಳಯ್ಯನಗಿರಿಗೆ ಹೊರಟ ಬೆಂಗಳೂರಿನ ಸಂಸಾರ. ಗಂಡ ಹೆಂಡತಿ, ಏಳೆಂಟು ವರ್ಷದ ಹುಡುಗಿ. ಆತ ಆಮೆಯನ್ನು ಎರಡು ಕೈಯಲ್ಲಿ ಹಿಡಿದು ಕೆರೆಯ ಕಡೆಗೆ ಇಳಿಯುತ್ತಿದ್ದರು. ಒಳ್ಳೆಯ ಮನಸ್ಸಿನವರು, ಎಚ್ಚರದಿಂದಲೇ ಹಿಡಿದಿದ್ದರು. ಅಜ್ಜ ದೂರದಿಂದಲೇ ಕೂಗಿದರು.

"ಅದು ಎತ್ತಲಿಂದ ಬಂತು ಅಂತ ನೋಡಿದ್ಯೇನಪ್ಪಾ?"

"ಕೆರೆ ಕಡೆಯಿಂದಲೇ ಬಂತು ತಾತ. ಪಾಪ, ದಾರಿ ತಪ್ಪಿ ಮೇಲೆ ಬಂದುಬಿಟ್ಟಿದೆ. ವಾಪಸ್ ನೀರಿಗೆ ಬಿಡ್ತಾ ಇದೀನಿ."

"ದಾರಿ ತಪ್ಪಿಲ್ಲ ಕಣಪ್ಪ. ನೀರಲ್ಲೇ ಇತ್ತು, ಬೇಕು ಅಂತಲೇ ಹತ್ತಿ ಬಂದದೆ. ನೀನು ಕೆಳಕ್ಕೆ ಬಿಟ್ರೆ ಮತ್ತೆ ಹತ್ತತದೆ. ಆವಾಗ ನೀನಿರಲ್ಲ, ಲಾರಿ ಇರತದೆ. ಗದ್ದೆ ಕಡೀಕೆ ಬಿಡು."

ಹುಡುಗಿಗೆ ಒಪ್ಪಿಗೆಯಾಗಲಿಲ್ಲ. "ಅಲ್ಲಿ ನೀರೇ ಇಲ್ವಲ್ಲ ತಾತ?" ಅಂದಳು.

"ಮೊಟ್ಟೆ ಇಡಾಕೆ ನೀರು ಬ್ಯಾಡ ಕಣವ್ವ, ಮಣ್ಣು ಬೇಕು."

ಆತ ತಿರುಗಿ ರಸ್ತೆ ದಾಟಿ, ಗದ್ದೆ ಕಡೆಯ ಇಳಿಜಾರಿನಲ್ಲಿ ಹುಲ್ಲಿನ ಮೇಲೆ ಬಿಟ್ಟರು. ಸ್ವಲ್ಪ ಹೊತ್ತು ಅದು ಅಲ್ಲಾಡಲಿಲ್ಲ. ಎಲ್ಲರೂ ಹಿಂದೆ ಸರಿದ ಮೇಲೆ ಕತ್ತು ಹೊರಗೆ ಬಂತು. ಕೆರೆಯ ಕಡೆ ತಿರುಗಿಯೂ ನೋಡದೆ ಕೆಳಗೆ ಇಳಿದು ಹೋಯಿತು.

ಆಮೆ ದಾಟಿಸುವುದರಲ್ಲಿ ಕೈಗೆ ಕೆಲಸ ಕಡಿಮೆ. ಕಷ್ಟವಿರುವುದು ನಮ್ಮ ತಲೆಯಲ್ಲಿ. ಕೆರೆಯೇ ಅದರ ಮನೆ, ರಸ್ತೆಗೆ ಬಂದದ್ದು ತಪ್ಪು, ವಾಪಸ್ ಮನೆಗೆ ಸೇರಿಸಿದರೆ ಉಪಕಾರ ಅಂತ ನಾವು ಅಂದುಕೊಳ್ಳುತ್ತೇವೆ. ಅದರ ಬದುಕು ಕೆರೆಯಲ್ಲಿ ಮುಗಿಯುವುದಿಲ್ಲ. ಮೇಯುವುದು ಒಂದು ಕಡೆ, ಬೇಸಿಗೆ ಕಳೆಯುವುದು ಇನ್ನೊಂದು ಕಡೆ, ಮೊಟ್ಟೆ ಇಡುವುದು ಮತ್ತೊಂದು ಕಡೆ. ಕೆರೆ, ಕಾಲುವೆ, ಗದ್ದೆ, ತೋಟ, ಕೆಳಗಿನ ಇನ್ನೊಂದು ಕೆರೆ ಎಲ್ಲ ಸೇರಿದರೆ ಒಂದು ಆಮೆಯ ಊರು ಆಗುತ್ತದೆ. ನಮ್ಮ ಕೆರೆಗಳನ್ನು ಕಟ್ಟಿರುವ ರೀತಿಯೇ ಹಾಗಲ್ವಾ? ಮೇಲಿನ ಕೆರೆ ಕೋಡಿ ಬಿದ್ದರೆ ನೀರು ಕೆಳಗಿನ ಕೆರೆಗೆ ಹೋಗುತ್ತದೆ, ಅದು ತುಂಬಿದರೆ ಅದರ ಕೆಳಗಿನದಕ್ಕೆ. ನೀರು ಹೋಗುವ ದಾರಿಯಲ್ಲೇ ಆಮೆಯೂ ಹೋಗುತ್ತದೆ, ಮೀನೂ ಹೋಗುತ್ತದೆ. ಆ ಸಾಲನ್ನು ನಾವು ಅಡ್ಡಡ್ಡ ರಸ್ತೆ ಹಾಕಿ ತುಂಡು ಮಾಡಿದ್ದೇವೆ.

ಇನ್ನೂ ಕೆಲವರು ಒಂದು ಹೆಜ್ಜೆ ಮುಂದೆ ಹೋಗುತ್ತಾರೆ. ಈ ಕೆರೆಯ ಪಕ್ಕ ಗಾಡಿ ಜಾಸ್ತಿ, ಅದಕ್ಕೆ ಹತ್ತು ಮೈಲಿ ಆಚೆಯ ದೊಡ್ಡ ಕೆರೆಗೆ ಬಿಡೋಣ ಅಂತ ಚೀಲದಲ್ಲಿ ಹಾಕಿಕೊಂಡು ಹೋಗುತ್ತಾರೆ. ಅಯ್ಯನಕೆರೆಗೋ ಯಗಚಿ ಜಲಾಶಯಕ್ಕೋ ಬಿಟ್ಟರೆ ಆರಾಮಾಗಿ ಇರುತ್ತದೆ ಅಂತ ಅವರ ನಂಬಿಕೆ. ದಯವಿಟ್ಟು ಹಾಗೆ ಮಾಡಬೇಡಿ. ಅಮೆರಿಕದ ಬಾಕ್ಸ್ ಆಮೆಗಳ ಮೇಲೆ ನಡೆದ ಅಧ್ಯಯನಗಳಲ್ಲಿ ಕಂಡದ್ದು ಏನೆಂದರೆ, ತಂದು ಬಿಟ್ಟ ಹೊಸ ಜಾಗದಲ್ಲಿ ಅವು ನೆಲೆ ನಿಲ್ಲದೆ ಅಲೆಯುತ್ತವೆ. ಹಳೆಯ ಜಾಗ ಹುಡುಕುತ್ತಾ ಇನ್ನಷ್ಟು ರಸ್ತೆ ದಾಟುತ್ತವೆ. ಒಂದು ಜಾಗದ ಆಮೆಯಲ್ಲಿ ಕಾಯಿಲೆ ಇದ್ದರೆ ಅದು ಇನ್ನೊಂದು ಕೆರೆಗೂ ಹಬ್ಬುತ್ತದೆ. ಸಿಕ್ಕಿದ ಜಾಗದಲ್ಲೇ, ಅದರ ಮೂತಿ ಯಾವ ಕಡೆಗಿತ್ತೋ ಆ ಕಡೆಗೆ, ರಸ್ತೆಯ ಅಂಚಿನಿಂದ ನಾಲ್ಕು ಹೆಜ್ಜೆ ಆಚೆ ಬಿಟ್ಟರೆ ಸಾಕು. ಅದಕ್ಕೇ ಎತ್ತುವ ಮೊದಲು ಒಂದು ಕ್ಷಣ ನಿಂತು, ಅದು ಎತ್ತ ಹೊರಟಿದೆ ಅಂತ ನೋಡಿಕೊಳ್ಳಬೇಕು. ಗಾಬರಿಯಾಗಿ ಒಳಗೆ ಸೇರಿಕೊಂಡಿದ್ದರೂ ತಲೆಯ ಕಡೆ ಯಾವುದು ಅಂತ ಗೊತ್ತಾಗುತ್ತದೆ.

ಅದಕ್ಕೂ ಮೊದಲು ನಿಮ್ಮ ಜೀವ. ಏರಿ ರಸ್ತೆ ಕಿರಿದು, ಅಂಚು ಇಲ್ಲ, ತಿರುವು ಬೇರೆ. ಕಾರು ಬಲವಾಗಿ ಬ್ರೇಕ್ ಹಾಕಿ ನಿಂತರೆ ಹಿಂದಿನ ಗಾಡಿ ಬಂದು ಗುದ್ದುತ್ತದೆ. ಇಂಡಿಕೇಟರ್ ಹಾಕಿ, ಜಾಗ ಇರುವ ಕಡೆ ನಿಲ್ಲಿಸಿ, ಎರಡೂ ಕಡೆ ನೋಡಿ ಇಳಿಯಬೇಕು. ಮಕ್ಕಳನ್ನು ರಸ್ತೆಗೆ ಇಳಿಸಬೇಡಿ. ಗಾಡಿ ಇಲ್ಲದಿದ್ದರೆ, ಆಮೆ ತಾನಾಗಿಯೇ ನಡೆಯುತ್ತಿದ್ದರೆ, ಮುಟ್ಟುವುದೇ ಬೇಡ. ಮೆತ್ತನೆ ಚಿಪ್ಪಿನದು ನೆಲದ ಮೇಲೂ ಎಷ್ಟು ಚುರುಕಾಗಿ ಓಡುತ್ತದೆ ಅಂತ ನೋಡಿದವರಿಗೇ ಗೊತ್ತು. ಅದು ದಾಟುವವರೆಗೆ ಕೈ ಅಡ್ಡ ಹಿಡಿದು ಬರುವ ಗಾಡಿಗಳನ್ನು ನಿಧಾನ ಮಾಡಿಸಿದರೆ ಆಯಿತು.

ಎತ್ತಲೇಬೇಕಾದರೆ ಎರಡು ಕೈ ಬೇಕು. ಗಟ್ಟಿ ಚಿಪ್ಪಿನದನ್ನು ಮುಂಗಾಲು ಹಿಂಗಾಲುಗಳ ನಡುವೆ, ಎರಡೂ ಬದಿಯ ಚಿಪ್ಪು ಹಿಡಿದು, ನೆಲಕ್ಕೆ ಹತ್ತಿರವಾಗಿಯೇ ಒಯ್ಯಬೇಕು. ಎದೆ ಮಟ್ಟಕ್ಕೆ ಎತ್ತಿಕೊಂಡರೆ, ಅದು ಕಾಲು ಬಡಿದಾಗ ಕೈ ಜಾರಿ ಕೆಳಗೆ ಬಿದ್ದು ಚಿಪ್ಪು ಒಡೆಯುತ್ತದೆ. ಮೆತ್ತನೆ ಚಿಪ್ಪಿನದರ ವಿಷಯ ಬೇರೆ. ಅದರ ಕತ್ತು ನಾವಂದುಕೊಂಡದ್ದಕ್ಕಿಂತ ಬಹಳ ಉದ್ದ. ಪಕ್ಕ ಹಿಡಿದ ಬೆರಳಿಗೂ ಬಾಯಿ ತಲುಪುತ್ತದೆ, ಕಚ್ಚಿದರೆ ಸುಲಭಕ್ಕೆ ಬಿಡುವುದಿಲ್ಲ. ಅದನ್ನು ಹಿಂಗಾಲುಗಳ ಹತ್ತಿರ, ಚಿಪ್ಪಿನ ಹಿಂದಿನ ಭಾಗದಲ್ಲಿ ಹಿಡಿಯಬೇಕು. ಧೈರ್ಯ ಬರದಿದ್ದರೆ ಗೋಣಿಚೀಲ, ಕಾರಿನ ಕಾಲೊರೆಸುವ ಮ್ಯಾಟು, ಒಂದು ರಟ್ಟು ಏನಾದರೂ ಸಾಕು. ಅದರ ಮೇಲೆ ಹತ್ತಿಸಿ ಮೆಲ್ಲಗೆ ಎಳೆದುಕೊಂಡು ಹೋಗಬಹುದು. ಬಾಲ ಹಿಡಿದು ಎತ್ತಬಾರದು, ಬೆನ್ನು ಕೆಳಗೆ ಮಾಡಿ ಮಗುಚಬಾರದು, ಕಾಲಿನಿಂದ ತಳ್ಳಬಾರದು. ಹೆದರಿದಾಗ ಎಷ್ಟೋ ಆಮೆಗಳು ಮೂತ್ರ ಬಿಡುತ್ತವೆ, ಕೆಲವು ಕೆಟ್ಟ ವಾಸನೆಯನ್ನೂ ಬಿಡುತ್ತವೆ. ಬೇಸಿಗೆಯಲ್ಲಿ ಅದು ಕೂಡಿಟ್ಟುಕೊಂಡ ನೀರು. ಫೋಟೋಕ್ಕೆ ಅಂತ ಕೈಯಲ್ಲಿ ಹಿಡಿದು ಆಚೆ ಈಚೆ ತಿರುಗಿಸುತ್ತಾ ನಿಂತರೆ ಅದನ್ನೂ ಕಳೆದುಕೊಳ್ಳುತ್ತದೆ. ಬಿಟ್ಟ ಮೇಲೆ ಕೈಯನ್ನು ಸೋಪು ಹಾಕಿ ತೊಳೆಯಿರಿ. ಆಮೆಗಳ ಮೈಯಲ್ಲಿ ಸಾಲ್ಮೊನೆಲ್ಲಾ ಅನ್ನುವ ಬ್ಯಾಕ್ಟೀರಿಯಾ ಇರಬಹುದು.

ಒಂದು ಆಮೆ ಸತ್ತರೆ ಏನಂತೆ, ಅಷ್ಟೊಂದು ಮೊಟ್ಟೆ ಇಡುತ್ತವಲ್ಲ ಅಂತ ಕೇಳಿದವರಿದ್ದಾರೆ. ಕೇಳಬೇಕಾದ ಪ್ರಶ್ನೆಯೇ. ಕೆರೆಯ ಆಮೆ ಸಮುದ್ರದ ಆಮೆಯ ಹಾಗೆ ನೂರುಗಟ್ಟಲೆ ಮೊಟ್ಟೆ ಇಡುವುದಿಲ್ಲ. ಕಪ್ಪಾಮೆ ಒಂದು ಸಲಕ್ಕೆ ಇಡುವುದು ಕೈಬೆರಳಲ್ಲಿ ಎಣಿಸುವಷ್ಟು. ಅದರಲ್ಲೂ ಮುಂಗುಸಿ, ಉಡ, ನರಿ, ಬೀದಿನಾಯಿ ಎಲ್ಲ ಪಾಲು ತೆಗೆದುಕೊಂಡ ಮೇಲೆ ಉಳಿದು ಮರಿಯಾಗುವುದು ಕೊಂಚ. ಮರಿ ಬೆಳೆದು ಮೊಟ್ಟೆ ಇಡುವ ಮಟ್ಟಕ್ಕೆ ಬರಲು ವರ್ಷಗಳು ಬೇಕು. ಈ ಲೆಕ್ಕ ಹೇಗೆ ಸರಿಹೋಗುತ್ತದೆ ಅಂದರೆ, ಒಮ್ಮೆ ದೊಡ್ಡದಾದ ಆಮೆ ಬಹಳ ಕಾಲ ಬದುಕುತ್ತದೆ. ವರ್ಷ ವರ್ಷ ಮೊಟ್ಟೆ ಇಡುತ್ತಾ ಹೋಗುತ್ತದೆ. ಹತ್ತು ವರ್ಷ ಫಸಲು ಹೋದರೂ ಹನ್ನೊಂದನೇ ವರ್ಷ ಎರಡು ಮರಿ ಉಳಿದರೆ ಸಂತತಿ ನಿಲ್ಲುತ್ತದೆ. ರಸ್ತೆ ಕೊಲ್ಲುವುದು ಆ ದೊಡ್ಡ ಹೆಣ್ಣನ್ನೇ. ಮೊಟ್ಟೆ ಇಡಲು ನೀರು ಬಿಟ್ಟು ಹೊರಗೆ ಬರುವವಳು ಅವಳೇ ತಾನೆ? ಅಮೆರಿಕದಲ್ಲಿ 2002ರಲ್ಲಿ ಪ್ರಕಟವಾದ ಒಂದು ಅಧ್ಯಯನದ ಪ್ರಕಾರ, ಸಹಜ ಸಾವಿನ ಮೇಲೆ ವರ್ಷಕ್ಕೆ ನೂರಕ್ಕೆ 2-3ರಷ್ಟು ದೊಡ್ಡ ಆಮೆಗಳು ಹೆಚ್ಚುವರಿಯಾಗಿ ಸತ್ತರೂ ಬಹುತೇಕ ಆಮೆ ಜಾತಿಗಳಿಗೆ ಅದನ್ನು ತಡೆದುಕೊಳ್ಳಲು ಆಗುವುದಿಲ್ಲ. ನೂರು ಆಮೆ ಇರುವ ಕೆರೆಯಲ್ಲಿ ಅದು ವರ್ಷಕ್ಕೆ ಎರಡು ಮೂರು ಆಮೆ. ಒಂದು ಮಳೆಯ ಸಂಜೆ ಏರಿಯ ಮೇಲೆ ಅಷ್ಟು ಹೋಗಿಬಿಡಬಹುದು.

ಆಮೆಗಳು ಈ ಭೂಮಿಗೆ ಬಂದು 20 ಕೋಟಿ ವರ್ಷ ದಾಟಿದೆ. ಅಷ್ಟು ಕಾಲದಿಂದ ಅವುಗಳನ್ನು ಕಾಪಾಡಿದ್ದು ಒಂದು ಉಪಾಯ. ಅಪಾಯ ಬಂದರೆ ನಿಲ್ಲು, ಒಳಗೆ ಸೇರು, ಅದು ಹೋಗುವವರೆಗೆ ಕಾಯಿ. ನರಿಯ ಮುಂದೆ ಇದು ನಡೆಯುತ್ತದೆ. ಲಾರಿ ಬರುವಾಗ ನೆಲ ಅದುರಿದರೂ ಅದು ಮಾಡುವುದು ಅದನ್ನೇ. ರಸ್ತೆಯ ನಟ್ಟನಡುವೆ ನಿಂತು, ಒಳಗೆ ಸೇರಿ, ಕಾಯುತ್ತದೆ. ಹಾರನ್ ಹೊಡೆದರೆ ಇನ್ನೂ ಒಳಗೆ ಹೋಗುತ್ತದೆ. "ಹಾರನ್ ಮಾಡಿದೆ, ಆದರೂ ಸರಿಯಲಿಲ್ಲ" ಅಂತ ಒಬ್ಬ ಹುಡುಗ ನನ್ನ ಹತ್ತಿರ ಬೇಸರದಿಂದ ಹೇಳಿದ್ದ. ಅದಕ್ಕೆ ಸರಿಯುವುದು ಗೊತ್ತಿಲ್ಲ ಅಂತ ಅವನಿಗೆ ಯಾರೂ ಹೇಳಿಕೊಟ್ಟಿರಲಿಲ್ಲ.

ಜನ ಕೆಟ್ಟವರು, ಬೇಕೆಂದೇ ಹತ್ತಿಸುತ್ತಾರೆ ಅನ್ನುವ ಮಾತು ನನಗೆ ಒಪ್ಪಿಗೆಯಿಲ್ಲ. 2012ರಲ್ಲಿ ಅಮೆರಿಕದ ಕ್ಲೆಮ್ಸನ್ ವಿಶ್ವವಿದ್ಯಾಲಯದ ವಿದ್ಯಾರ್ಥಿಯೊಬ್ಬ ರಸ್ತೆಯ ನಡುವೆ ರಬ್ಬರ್ ಆಮೆ ಇಟ್ಟು ನೋಡಿದ್ದ. ಒಂದು ಗಂಟೆಯಲ್ಲಿ 267 ಗಾಡಿಗಳು ಹೋದವು. ಬೇಕೆಂದೇ ಹತ್ತಿಸಿದವರು 7 ಜನ. ಆ ಏಳು ಜನ ಇದ್ದಾರಲ್ಲ ಅನ್ನುವುದು ನೋವಿನ ವಿಷಯ. ನಿಧಾನಕ್ಕೆ ನಡೆಯುವ ಆಮೆಗೆ ಅಷ್ಟು ಜನ ಸಾಕು. ಆದರೆ ಉಳಿದ 260 ಗಾಡಿಗಳು ಬೇಕೆಂದು ಹತ್ತಿಸಲಿಲ್ಲ, ಅದೂ ನಿಜ. ನಮ್ಮ ಏರಿಗಳ ಮೇಲೆ ನಾನು ನೋಡಿದ ಬಹುತೇಕ ಸಾವುಗಳಿಗೆ ಕಾರಣ ಕತ್ತಲು, ಮಳೆ, ವೇಗ. ಎದುರು ಗಾಡಿಯ ಲೈಟು ಕಣ್ಣಿಗೆ ಹೊಡೆಯುವಾಗ ಒದ್ದೆ ರಸ್ತೆಯ ಮೇಲೆ ಕಪ್ಪಾಮೆ ಕಾಣುವುದೇ ಇಲ್ಲ. ಅದೇ ರಸ್ತೆಯಲ್ಲಿ ಮುಂಜಾನೆ ಹಾಲಿನ ವ್ಯಾನ್ ನಿಲ್ಲಿಸಿ, ಕ್ಯಾನ್ ಮುಚ್ಚುವ ಗೋಣಿಯಲ್ಲಿ ಆಮೆ ಎತ್ತಿ ಆಚೆ ಬಿಟ್ಟು ಹೋಗುವ ಡ್ರೈವರ್ ಒಬ್ಬರಿದ್ದಾರೆ. ಅವರು ಅದನ್ನು ದೊಡ್ಡ ಕೆಲಸ ಅಂತ ಎಂದೂ ಹೇಳಿಕೊಂಡಿಲ್ಲ. ನಾನು ಕೇಳಿದಾಗ "ಎರಡು ನಿಮಿಷ ಬೇಕಲ್ವಾ ಅಷ್ಟೇ" ಅಂದರು.

ಪೆಟ್ಟಾದ ಆಮೆ ಸಿಕ್ಕರೆ ಏನು ಮಾಡಬೇಕು ಅಂತ ಅವರೇ ಒಮ್ಮೆ ಕೇಳಿದ್ದರು. ಚಿಪ್ಪು ಅನ್ನುವುದು ಮೇಲೆ ಹೊದ್ದ ಹೊದಿಕೆ ಅಲ್ಲ. ಬೆನ್ನುಮೂಳೆ, ಪಕ್ಕೆಲುಬು ಎಲ್ಲ ಸೇರಿ ಆದ ಜೀವಂತ ಮೂಳೆ ಅದು. ರಕ್ತ ಓಡುತ್ತದೆ, ನೋವು ಗೊತ್ತಾಗುತ್ತದೆ. ಆದರೆ ಮೂಳೆ ಕೂಡುವ ಹಾಗೆ ಒಡೆದ ಚಿಪ್ಪೂ ಕೂಡಿಕೊಳ್ಳಬಲ್ಲದು. ಆಮೆಯ ಉಸಿರಾಟ, ಎದೆಬಡಿತ ಎಲ್ಲ ನಿಧಾನ. ಹಾಗಾಗಿ ಅಲ್ಲಾಡದ್ದೆಲ್ಲ ಸತ್ತಿದೆ ಅಂತ ತೀರ್ಮಾನಿಸಬಾರದು. ಗಾಳಿಯಾಡುವ ರಟ್ಟಿನ ಪೆಟ್ಟಿಗೆಯಲ್ಲಿ, ಒಣ ಬಟ್ಟೆ ಹಾಸಿ, ಕತ್ತಲಲ್ಲಿ ಇಟ್ಟು ಹತ್ತಿರದ ಪಶು ಆಸ್ಪತ್ರೆಗೆ ಒಯ್ಯಬೇಕು, ಅರಣ್ಯ ಇಲಾಖೆಗೆ ತಿಳಿಸಬೇಕು. ಇಲಾಖೆಯ ಸಹಾಯವಾಣಿ 1926. ಗಾಯವಾದದ್ದನ್ನು ನೀರಿಗೆ ಬಿಡಬಾರದು, ನಿತ್ರಾಣವಾಗಿದ್ದರೆ ನೀರಾಮೆಯೂ ಮುಳುಗುತ್ತದೆ. ಎಲ್ಲಿ ಸಿಕ್ಕಿತು ಅಂತ ಸರಿಯಾಗಿ ಗುರುತಿಟ್ಟುಕೊಳ್ಳಿ. ವಾಸಿಯಾದ ಮೇಲೆ ಅಲ್ಲಿಗೇ ಬಿಡಬೇಕಲ್ಲ.

ಮನೆಗೆ ತಂದು ಸಾಕುವುದು ಮಾತ್ರ ಬೇಡವೇ ಬೇಡ. ಬಾವಿಯಲ್ಲಿ ಬಿಟ್ಟರೆ ನೀರು ಶುದ್ಧ, ಮನೆಯಲ್ಲಿಟ್ಟರೆ ಅದೃಷ್ಟ ಅನ್ನುವವರು ಒಂದು ಕಡೆ, ಮನೆಗೆ ಬಂದರೆ ಕೆಡುಕು ಅನ್ನುವವರು ಇನ್ನೊಂದು ಕಡೆ. ಎರಡರಲ್ಲೂ ಕಷ್ಟ ಪಡುವುದು ಆಮೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಲ್ಲಿ ನಮ್ಮ ಮೆತ್ತನೆ ಚಿಪ್ಪಿನ ಕೆರೆ ಆಮೆ ಇರುವುದು ಮೊದಲ ಅನುಸೂಚಿಯಲ್ಲಿ, ಹುಲಿ ಇರುವ ಅದೇ ಪಟ್ಟಿಯಲ್ಲಿ. ಹಿಡಿದು ಇಟ್ಟುಕೊಂಡರೂ, ಮಾರಿದರೂ, ಕೊಂದರೂ ಜೈಲು. ಇನ್ನೊಂದು ಮಾತು ಇಲ್ಲೇ ಹೇಳಿಬಿಡುತ್ತೇನೆ. ಅಂಗಡಿಯಿಂದ ತಂದ, ಕಿವಿಯ ಹತ್ತಿರ ಕೆಂಪು ಪಟ್ಟಿ ಇರುವ ಪುಟ್ಟ ಆಮೆ ಬೆಳೆದು ದೊಡ್ಡದಾದ ಮೇಲೆ ಬೇಜಾರಾಗಿ ಕೆರೆಗೆ ಬಿಡುವವರಿದ್ದಾರೆ. ಅದು ಅಮೆರಿಕದ ಜಾತಿ. ನಮ್ಮ ಆಮೆಗಳ ಮೇವಿಗೂ ಜಾಗಕ್ಕೂ ಅದು ಪೈಪೋಟಿಗೆ ಬರುತ್ತದೆ. ಅದನ್ನು ಯಾವ ಕೆರೆಗೂ ಬಿಡಬಾರದು.

ಕೈಯಲ್ಲಿ ಎತ್ತಿ ದಾಟಿಸುವುದರಿಂದ ಆ ಒಂದು ಆಮೆ ಉಳಿಯುತ್ತದೆ. ರಾತ್ರಿ ಎರಡು ಗಂಟೆಗೆ ದಾಟುವುದಕ್ಕೆ ಯಾರೂ ಇರುವುದಿಲ್ಲ. ಅದಕ್ಕೆ ರಸ್ತೆಯೇ ಏನಾದರೂ ಮಾಡಬೇಕು.

ಫ್ಲೋರಿಡಾದ ಟ್ಯಾಲಹಾಸಿ ಹತ್ತಿರ ಲೇಕ್ ಜಾಕ್ಸನ್ ಅನ್ನುವ ಕೆರೆ ಇದೆ. ಅದರ ಮೇಲೆ ಹೆದ್ದಾರಿ ಹಾದುಹೋಗುತ್ತದೆ. 2000ದಲ್ಲಿ ಬರ ಬಂದು ಕೆರೆ ಒಣಗಿದಾಗ ಆಮೆಗಳು ಹೆದ್ದಾರಿಯ ಆಚೆಗಿನ ನೀರಿಗೆ ಹೊರಟು ರಾಶಿ ರಾಶಿ ಸತ್ತವು. ಮ್ಯಾಟ್ ಅರೆಸ್ಕೊ ಅನ್ನುವ ಸಂಶೋಧಕ ಅದನ್ನು ಕಂಡು ರಸ್ತೆಯ ಅಂಚಿಗೆ ತಾತ್ಕಾಲಿಕ ಬೇಲಿ ಹಾಕಿದರು. ಬೇಲಿಗೆ ತಾಗಿದ ಆಮೆಗಳು ಅದರ ಉದ್ದಕ್ಕೂ ನಡೆದು ಹೆದ್ದಾರಿಯ ಕೆಳಗಿನ ಮೋರಿ ಸೇರಬೇಕು ಅನ್ನುವುದು ಲೆಕ್ಕ. ಬೇಲಿಗೆ ತಾಗಿ ನಿಂತ ಸಾವಿರಾರು ಆಮೆಗಳನ್ನು ವರ್ಷಗಟ್ಟಲೆ ಕೈಯಲ್ಲೇ ಎತ್ತಿ ದಾಟಿಸಿದರು. ಊರಿನವರು ಸೇರಿ ಒತ್ತಾಯ ಮಾಡಿದ ಮೇಲೆ 2010ರಲ್ಲಿ ಅಲ್ಲಿ ಶಾಶ್ವತ ತಡೆಗೋಡೆ, ಕೆಳದಾರಿ ಎಲ್ಲ ಆದವು. ಜಪಾನಿನದು ಇನ್ನೂ ಚಿಕ್ಕ ಕೆಲಸ. ರೈಲು ಹಳಿಗಳ ನಡುವೆ ಸಿಕ್ಕಿಕೊಂಡ ಆಮೆಗಳು ಹಳಿ ಬದಲಾಯಿಸುವ ಜಾಗದಲ್ಲಿ ನಜ್ಜುಗುಜ್ಜಾಗಿ ರೈಲೂ ನಿಲ್ಲುತ್ತಿತ್ತು. 2015ರಲ್ಲಿ ಅಲ್ಲಿನ ರೈಲು ಕಂಪನಿ ಕೋಬೆಯ ಒಂದು ಜಲಚರ ಉದ್ಯಾನದವರ ಜೊತೆ ಸೇರಿ ಹಳಿಯ ಕೆಳಗೆ ಕಾಂಕ್ರೀಟಿನ ಸಣ್ಣ ಚರಂಡಿ ಹಾಕಿತು. ಆಮೆ ಚರಂಡಿಗೆ ಇಳಿದು ಹಳಿಯ ಕೆಳಗಿನಿಂದಲೇ ಆಚೆ ಹೋಗುತ್ತದೆ.

ಇದನ್ನೆಲ್ಲ ಒಂದು ಸಂಜೆ ಅಜ್ಜನಿಗೆ ಹೇಳಿದೆ. ಏರಿಯಲ್ಲೂ ಹೀಗೆ ಕೆಳದಾರಿ ಮಾಡಿದರೆ ಹೇಗೆ ಅಂದೆ. ಅಜ್ಜ ನಕ್ಕರು.

"ಏರಿಗೆ ತೂತು ಹೊಡೆಯಾಕಾಯ್ತದೇನು ಮಗ? ಒಂದು ಇಲಿ ಬಿಲ ಮಾಡಿದ್ರೂ ನಮಗೆ ನಿದ್ದೆ ಇಲ್ಲ."

ನಿಜ. ಏರಿಯ ಹೊಟ್ಟೆಯಲ್ಲಿ ದಾರಿ ಮಾಡಿದರೆ ಏರಿಯೇ ಒಡೆದು ಕೆಳಗಿನ ಗದ್ದೆ, ಊರು ಎಲ್ಲ ಹೋದೀತು. ಏರಿಯ ಒಂದು ತುದಿಯಲ್ಲಿ ಕೋಡಿ ಇದೆಯಲ್ಲ, ಅಲ್ಲಿ ರಸ್ತೆಯ ಕೆಳಗೆ ಸಣ್ಣ ಸೇತುವೆ ಇದೆ, ಪಕ್ಕದಲ್ಲಿ ಹಳ್ಳದ ಮೋರಿ ಇದೆ, ದಾರಿ ಅಲ್ಲೇ ಇದೆ ಅಂತ ಅಜ್ಜ ತೋರಿಸಿದರು. ಹೋಗಿ ನೋಡಿದರೆ ಮೋರಿಯ ಬಾಯಿ ಕಾಣುತ್ತಿರಲಿಲ್ಲ. ಹೂಳು, ಲಂಟಾನದ ಪೊದೆ, ಪ್ಲಾಸ್ಟಿಕ್ ತಟ್ಟೆ, ಬಾಟಲಿ, ಹರಿದ ಸಿಮೆಂಟ್ ಚೀಲ. ಕೆಳಗೆ ಬಗ್ಗಿ ನೋಡಿದರೂ ಆ ತುದಿಯ ಬೆಳಕು ಈ ತುದಿಗೆ ಬರುತ್ತಿರಲಿಲ್ಲ. ಆಚೆ ಬೆಳಕು ಕಾಣದ ಕತ್ತಲೆಯ ಬಿಲಕ್ಕೆ ಆಮೆ ನುಗ್ಗಲು ಹಿಂಜರಿಯುತ್ತದೆ.

ನಮ್ಮ ಜಿಲ್ಲೆಗಳಲ್ಲಿ ಹೀಗೆ ಮುಚ್ಚಿಹೋದ ಮೋರಿ ಎಷ್ಟಿವೆಯೋ. ಹೊಸದಾಗಿ ಕಟ್ಟುವುದಕ್ಕಿಂತ ಇರುವುದನ್ನು ತೆರೆದಿಡುವುದು ಮೊದಲು ಆಗಬೇಕಾದ ಕೆಲಸ ಅಂತ ನನ್ನ ಅಭಿಪ್ರಾಯ. ಅದರ ಜೊತೆ, ರಸ್ತೆ ಅಗಲ ಮಾಡುವಾಗ ನಡುವೆ ಸಂದಿಯೇ ಇಲ್ಲದ ಕಾಂಕ್ರೀಟ್ ಡಿವೈಡರ್ ಹಾಕುವುದನ್ನು ನಿಲ್ಲಿಸಬೇಕು. ಹೊಸ ರಸ್ತೆಯೊಂದರಲ್ಲಿ ಇಂಥ ಗೋಡೆ ಕಟ್ಟಿದ ಮೊದಲ ಮಳೆಗಾಲದಲ್ಲೇ, ಅದಕ್ಕೆ ಒತ್ತಿಕೊಂಡು ಹಾಗೇ ಉದ್ದಕ್ಕೆ ನಡೆದು ಸತ್ತ ಆಮೆಗಳನ್ನು ನೋಡಿದ್ದೇನೆ. ಅರ್ಧ ರಸ್ತೆ ಜೀವ ಉಳಿಸಿಕೊಂಡು ದಾಟಿ ಬಂದಿದ್ದವು, ಮುಂದೆ ದಾರಿ ಇರಲಿಲ್ಲ. ಗೋಡೆಯ ಬುಡದಲ್ಲಿ ಅಲ್ಲಲ್ಲಿ ಒಂದಡಿ ಕಿಂಡಿ ಬಿಟ್ಟಿದ್ದರೆ ಸಾಕಿತ್ತು. ಮಳೆ ನೀರಿಗೂ ಅದೇ ಕಿಂಡಿ ಆಗುತ್ತಿತ್ತು. ಏರಿಯ ಅಂಚಿಗೆ ಹಾಕುವ ಕಬ್ಬಿಣದ ತಡೆಪಟ್ಟಿ ಪರವಾಗಿಲ್ಲ, ಆಮೆ ಅದರ ಕೆಳಗೆ ತೂರಿ ಹೋಗುತ್ತದೆ. ಏರಿಯ ಎರಡೂ ತುದಿಗೆ ಹಂಪ್ ಹಾಕಿದರೆ ಶಾಲೆಗೆ ನಡೆದು ಹೋಗುವ ಮಕ್ಕಳಿಗೂ ಒಳ್ಳೆಯದು.

ಜನ ಇದನ್ನೆಲ್ಲ ಕೇಳುತ್ತಾರಾ ಅಂತ ಅನುಮಾನ ಪಡುವವರಿಗೆ ನಾನು ಶೃಂಗೇರಿಯ ತುಂಗೆಯ ದಡ ತೋರಿಸುತ್ತೇನೆ. ಮಠದ ಮುಂದಿನ ಹೊಳೆಯಲ್ಲಿ ಮೀನುಗಳು ಮೆಟ್ಟಿಲ ತನಕ ಬರುತ್ತವೆ. ಯಾರೂ ಬಲೆ ಹಾಕುವುದಿಲ್ಲ, ಗಾಳ ಹಾಕುವುದಿಲ್ಲ. ಕೈಯಲ್ಲಿ ಮಂಡಕ್ಕಿ ಹಿಡಿದು ಬಗ್ಗುತ್ತಾರೆ. ಇದು ಆ ಜಾಗದ ರೂಢಿ. ಬೇರೆ ಊರಿನವರೂ ಅಲ್ಲಿಗೆ ಬಂದ ಕೂಡಲೇ ಆ ರೂಢಿಗೆ ಸೇರಿಕೊಳ್ಳುತ್ತಾರೆ. ಒಂದು ಏರಿಗೂ ಇಂಥ ರೂಢಿ ಬರಬಹುದು ಅಂತ ನಾನು ನಂಬುತ್ತೇನೆ. ಮುಂಗಾರು ಶುರುವಾದರೆ ಈ ಏರಿ ಮೇಲೆ ನಿಧಾನ ಅನ್ನುವುದು ಆಟೋದವರಿಗೆ, ಬಸ್ಸಿನವರಿಗೆ, ಎಸ್ಟೇಟಿನ ಜೀಪಿನವರಿಗೆ ಗೊತ್ತಿರಬೇಕು. ಪ್ರವಾಸಿಗರು ಅವರ ಹಿಂದೆಯೇ ತಾನೆ ಬರುವುದು?

ನಿಮ್ಮ ಊರಿನ ಹತ್ತಿರ ಆಮೆ ದಾಟುವ ಜಾಗ ಇದ್ದರೆ ತಾರೀಖು, ಹೊತ್ತು, ಜಾಗ ಮೂರನ್ನೂ ಬರೆದಿಡಿ. ಸತ್ತದ್ದನ್ನೂ ಬರೆದಿಡಿ. ಆಮೆಗಳು ಅದೇ ಜಾಗದಲ್ಲಿ, ಅದೇ ಕಾಲದಲ್ಲಿ ಮತ್ತೆ ಮತ್ತೆ ದಾಟುತ್ತವೆ. ಎರಡು ಮಳೆಗಾಲದ ಪಟ್ಟಿ ಕೈಯಲ್ಲಿದ್ದರೆ ಗ್ರಾಮಸಭೆಯಲ್ಲಿ ನಿಂತು ಇಂಥ ಕಡೆ ಹಂಪ್ ಬೇಕು, ಇಂಥ ಮೋರಿ ಬಿಡಿಸಬೇಕು ಅಂತ ಬೆರಳು ತೋರಿಸಿ ಕೇಳಬಹುದು. ನಮ್ಮೂರಿನ ಕೋಡಿ ಪಕ್ಕದ ಮೋರಿಗೆ ನಾವು ಕೆಲವರು ಸನಿಕೆ, ಮಂಕರಿ ಹಿಡಿದು ಇಳಿಯುವುದು ಅಂತಾಗಿದೆ. ಪಂಚಾಯಿತಿಯವರು ಟ್ರ್ಯಾಕ್ಟರ್ ಕೊಡಲು ಒಪ್ಪಿದ್ದಾರೆ. ಎಲ್ಲವೂ ರೋಹಿಣಿ ಹುಟ್ಟುವ ಮೊದಲೇ ಆಗಬೇಕು ಅಂತ ಅಜ್ಜನ ತಾಕೀತು. ಹಳ್ಳಕ್ಕೆ ನೀರು ಬಂದ ಮೇಲೆ ಮೋರಿಯೊಳಗೆ ಇಳಿಯಲು ಆಗುವುದಿಲ್ಲ.